ಹಳೇ ವಿಂಡೋಸ್ ಹಾಕಿಕೊಡಿ ಅಂದವರ ಮುಂದೆ

ಮಗೂ, ಕಂಪ್ಯೂಟರ್ ಸರ್ವಿಸ್ ಕೆಲಸಕ್ಕೆ ಈಗಷ್ಟೇ ಕೈ ಹಚ್ಚಿದ್ದೀಯ. ಇವತ್ತಲ್ಲ ನಾಳೆ ಯಾರಾದರೊಬ್ಬರು ನಿನ್ನ ಮೇಜಿನ ಮೇಲೆ ಹೊಚ್ಚಹೊಸ ಸಿಸ್ಟಮ್ ತಂದಿಟ್ಟು, 'ಇದಕ್ಕೆ ನಮ್ಮ ಹಳೇ ಎಕ್ಸ್‌ಪಿಯನ್ನೇ ಹಾಕಿಕೊಡಪ್ಪ' ಅನ್ನುತ್ತಾರೆ. ಇಲ್ಲವೇ 'ವಿಂಡೋಸ್ ಸೆವೆನ್ ಆದರೂ ನಡೀತದೆ' ಅನ್ನುತ್ತಾರೆ. ಆಗ ನಗಬೇಡ. ಓಬೀರಾಯನ ಕಾಲದ್ದು ಅಂತ ಹೇಳಿ ಸಾಗಹಾಕಬೇಡ. ಹೂಂ ಅಂದವನೇ ಪೆನ್ ಡ್ರೈವ್ ಸಿಕ್ಕಿಸಲೂ ಬೇಡ. ಮೊದಲು ಅವರನ್ನು ಕೂರಿಸಿ ಮಾತಾಡಿಸು.

ನಮ್ಮ ಕಡೆ ಹೀಗೆ ಕೇಳಿಕೊಂಡು ಬರುವವರಲ್ಲಿ ಪ್ರಿಂಟಿಂಗ್ ಪ್ರೆಸ್ಸಿನವರು, ಡಿಟಿಪಿ ಮಾಡುವವರು ಇದ್ದೇ ಇರುತ್ತಾರೆ. ಅವರ ಕಷ್ಟ ನಿನಗೆ ಅರ್ಥವಾಗಬೇಕಾದರೆ ಆ ಕಾಲವನ್ನು ಸ್ವಲ್ಪ ತಿಳಿದುಕೊಳ್ಳಬೇಕು. ಕನ್ನಡ ಟೈಪ್ ಮಾಡಲು ಶೇಷಾದ್ರಿವಾಸು ಅವರ ಬರಹ ತಂತ್ರಾಂಶ 1998ರಲ್ಲಿ ಬಂತು. ಕನ್ನಡ ಗಣಕ ಪರಿಷತ್ತಿನ ನುಡಿ ಅದಾಗಿ ಕೆಲವು ವರ್ಷಗಳಲ್ಲೇ ಬಂತು. ಪುಟ ಕಟ್ಟುವ ಪ್ರೋಗ್ರಾಂ ಪೇಜ್‌ಮೇಕರಿನ ಕೊನೆಯ ಆವೃತ್ತಿಯಾದ 7.0 ಬಂದದ್ದು 2001ರಲ್ಲಿ. ಅದೇ ವರ್ಷ ಅಕ್ಟೋಬರ್ 25ಕ್ಕೆ ವಿಂಡೋಸ್ ಎಕ್ಸ್‌ಪಿ. ಇಷ್ಟೂ ಒಂದು ಮೇಜಿನ ಮೇಲೆ ಕೂಡಿಬಂದಾಗ ಸಣ್ಣ ಸಣ್ಣ ಊರುಗಳಲ್ಲೂ ಒಬ್ಬರೇ ಕೂತು ಲಗ್ನಪತ್ರಿಕೆ, ಕರಪತ್ರ, ಸ್ಮರಣ ಸಂಚಿಕೆ, ಇಡೀ ಕಾದಂಬರಿಯನ್ನೇ ಪುಟ ಕಟ್ಟಿ ಪ್ಲೇಟಿಗೆ ಕಳಿಸುವಂತಾಯಿತು. ಆ ಮೇಜು ಇಪ್ಪತ್ತು ವರ್ಷ ಅನ್ನ ಹಾಕಿದೆ. ಅದರ ಮದರ್‌ಬೋರ್ಡ್ ಸುಟ್ಟ ದಿನ ಅವರು ಮುದ್ದಾಂ ಅದನ್ನೇ ಮತ್ತೆ ಕೇಳಿದರೆ ಅದರಲ್ಲಿ ಹಟವೇನೂ ಇಲ್ಲ. ಬೆರಳಿಗೆ ರೂಢಿಯಾದದ್ದು, ನಂಬಿಕೊಂಡದ್ದು ಅದೇ.

ಹಾಗಾಗಿ ಮೊದಲ ಪ್ರಶ್ನೆ: ಇವರಿಗೆ ಉಳಿಯಬೇಕಾದದ್ದು ಏನು? ಎಕ್ಸ್‌ಪಿ ಅನ್ನುವುದು ಅವರಿಗೆ ಗೊತ್ತಿರುವ ಹೆಸರು. ಆ ಹೆಸರಿನ ಹಿಂದೆ ಒಂದು ಪ್ರೋಗ್ರಾಂ ಇರಬಹುದು, ಹತ್ತಾರು ವರ್ಷದ ಫೈಲುಗಳಿರಬಹುದು, ಅಥವಾ ಆ ಸಿಸ್ಟಮ್ಮಿಗೆ ಕೇಬಲ್ ಹಾಕಿಕೊಂಡ ಒಂದು ಯಂತ್ರವಿರಬಹುದು. ಮೂರಕ್ಕೂ ದಾರಿ ಬೇರೆ ಬೇರೆ. 'ಇದರಲ್ಲಿ ದಿನಾ ಏನು ತೆಗೀತೀರಿ? ಮುಂದಿನ ವಾರ ಏನು ಕೊಡಬೇಕು?' ಅಂತ ಕೇಳು. ಹಳೇ ಸಿಸ್ಟಮ್ಮನ್ನು ಕಣ್ಣಾರೆ ನೋಡು. ಹಿಂಬದಿಯಲ್ಲಿ ಏನೇನು ಸಿಕ್ಕಿಸಿದ್ದಾರೆ ಅಂತ ಫೋಟೋ ತೆಗೆದುಕೋ. ಪ್ರಿಂಟರ್ ಪೋರ್ಟಿಗೆ ಹೆಬ್ಬೆರಳು ಗಾತ್ರದ ಡಬ್ಬಿಯೊಂದು ಅಂಟಿಕೊಂಡಿದ್ದರೆ ಅದು ಸಾಫ್ಟ್‌ವೇರಿನ ಲಾಕ್, ಡಾಂಗಲ್. ಅದು ಕಳೆದರೆ ಆ ಪ್ರೋಗ್ರಾಂ ಮತ್ತೆ ತೆರೆಯುವುದಿಲ್ಲ. ಯಾವುದಕ್ಕೂ ಮೊದಲು ಅದನ್ನು ಕವರಿನಲ್ಲಿಟ್ಟು ಹೆಸರು ಬರೆ.

ಎರಡನೆಯದಾಗಿ, ಏನು ಮಾಡುವುದಿದ್ದರೂ ಹಳೇ ಹಾರ್ಡ್ ಡಿಸ್ಕಿನ ಪೂರಾ ನಕಲು ತೆಗೆದ ಮೇಲೇ ಮಾಡು. 'ಮೈ ಡಾಕ್ಯುಮೆಂಟ್ಸ್' ಕಾಪಿ ಮಾಡಿಕೊಂಡರೆ ಸಾಲದು. ಕನ್ನಡದ ಫಾಂಟುಗಳು ವಿಂಡೋಸ್ ಫೋಲ್ಡರಿನ ಒಳಗಿರುತ್ತವೆ, ಕೀಬೋರ್ಡಿನ ಸೆಟ್ಟಿಂಗ್ ಇನ್ನೆಲ್ಲೋ, ಪೇಜ್‌ಮೇಕರಿನ ಟೆಂಪ್ಲೇಟು ಮತ್ತೆಲ್ಲೋ. ಡಿಸ್ಕಿನ ಮೊದಲ ಸೆಕ್ಟರಿನಿಂದ ಕೊನೆಯ ಸೆಕ್ಟರಿನವರೆಗೆ ಇಮೇಜ್ ತೆಗೆ. ಡಿಸ್ಕ್ ಟಕ್ ಟಕ್ ಅನ್ನುತ್ತಿದ್ದರೆ ಮತ್ತೆ ಮತ್ತೆ ಆನ್ ಮಾಡಿ ನೋಡಬೇಡ. ಲಿನಕ್ಸ್ ಪೆನ್ ಡ್ರೈವಿನಿಂದ ಬೂಟ್ ಮಾಡಿ ಡಿಡಿರೆಸ್ಕ್ಯೂ ಓಡಿಸು. ಅದು ಓದಲು ಬರುವುದನ್ನು ಮೊದಲು ಎತ್ತಿಟ್ಟುಕೊಂಡು, ಕೆಟ್ಟ ಜಾಗಕ್ಕೆ ಆಮೇಲೆ ಮರಳುತ್ತದೆ. ಸಿಸ್ಟಮ್ ಇನ್ನೂ ಓಡುತ್ತಿದ್ದರೆ ಮೈಕ್ರೋಸಾಫ್ಟಿನದೇ ಡಿಸ್ಕ್2ವಿಎಚ್‌ಡಿ ಅನ್ನುವ ಚಿಕ್ಕ ಪ್ರೋಗ್ರಾಂ ಇದೆ, ಅದು ಓಡುತ್ತಿರುವ ವಿಂಡೋಸನ್ನೇ ಒಂದು ಫೈಲಾಗಿ ಮಾಡಿಕೊಡುತ್ತದೆ. ಗಿರಾಕಿ ಎಷ್ಟೇ ಅವಸರ ಮಾಡಿದರೂ ಈ ಹೆಜ್ಜೆ ಬಿಡಬೇಡ.

ಇನ್ನು ಹೊಸ ಯಂತ್ರಕ್ಕೆ ಹಳೇ ಓಎಸ್ ಏಕೆ ಒಗ್ಗುವುದಿಲ್ಲ ಅನ್ನುವುದನ್ನು ಬುಡದಿಂದ ತಿಳಿದುಕೋ. ಎಷ್ಟೋ ಹುಡುಗರು ಬ್ಲೂ ಸ್ಕ್ರೀನ್ ಕಂಡಕೂಡಲೇ ಪೆನ್ ಡ್ರೈವ್ ಬದಲಿಸುತ್ತಾರೆ, ರ್‍ಯಾಮ್ ಕಿತ್ತು ಹಾಕುತ್ತಾರೆ, ಇನ್ನೊಂದು ಸಿಡಿ ಹುಡುಕುತ್ತಾರೆ. ಆ ಪರದೆಯ ಮೇಲೆ ಕಾರಣ ಬರೆದೇ ಇರುತ್ತದೆ.

ಎಕ್ಸ್‌ಪಿ ಸಿಡಿ ಹಾಕಿದಾಗ ನೀಲಿ ಪರದೆಯಲ್ಲಿ ಬಿಳಿ ಅಕ್ಷರದ ಸೆಟಪ್ ಶುರುವಾಗುತ್ತದೆ. ಕೆಳಗಿನ ಪಟ್ಟಿಯಲ್ಲಿ ಒಂದಾದಮೇಲೊಂದು ಡ್ರೈವರಿನ ಹೆಸರು ಓಡುತ್ತದೆ. ಕೊನೆಗೆ ವಿಂಡೋಸ್ ಶುರುವಾಗುತ್ತಿದೆ ಅನ್ನುವ ಸಾಲು ಬಂದು, ಗಕ್ಕನೆ 0x0000007B ಅಂತ ನಿಂತುಬಿಡುತ್ತದೆ. ಅಲ್ಲಿಯವರೆಗೆ ಫೈಲುಗಳನ್ನು ಓದಿಕೊಡುತ್ತಿದ್ದದ್ದು ಬಯಾಸ್. ಆ ಕ್ಷಣದಲ್ಲಿ ಎಕ್ಸ್‌ಪಿಯ ಕರ್ನಲ್ ಬಯಾಸಿನ ಕೈ ಬಿಟ್ಟು ತನ್ನ ಸ್ವಂತ ಡ್ರೈವರಿನಿಂದ ಡಿಸ್ಕ್ ಹುಡುಕುತ್ತದೆ. ಅದಕ್ಕೆ ಗೊತ್ತಿರುವುದು ಹಳೇ ಐಡಿಇ ಪದ್ಧತಿ; ಎದುರಿಗಿರುವುದು ಎಎಚ್‌ಸಿಐ ಕಂಟ್ರೋಲರ್. ಏಣಿ ಹತ್ತಿ ಅಟ್ಟ ಸೇರಿದವನ ಹಿಂದೆಯೇ ಏಣಿ ತೆಗೆದ ಹಾಗಾಗುತ್ತದೆ. ಡಿಸ್ಕ್ ಕೆಟ್ಟಿಲ್ಲ, ಸಿಡಿ ಕೆಟ್ಟಿಲ್ಲ, ಡ್ರೈವರ್ ಇಲ್ಲ, ಅಷ್ಟೆ.

ಆ ಕಾಲದವರು ಇದಕ್ಕೊಂದು ಕಿಂಡಿ ಇಟ್ಟಿದ್ದರು. ಸೆಟಪ್ಪಿನ ಆರಂಭದಲ್ಲೇ ಎಫ್6 ಒತ್ತಿದರೆ ಹೊರಗಿನ ಡ್ರೈವರ್ ಕೊಡಬಹುದು. ಆದರೆ ಅದು ಕೇಳುವುದು ಫ್ಲಾಪಿಯಿಂದ ಮಾತ್ರ. ಫ್ಲಾಪಿ ಡ್ರೈವ್ ಇಲ್ಲದ ಕಾಲದಲ್ಲಿ ಎರಡು ದಾರಿ ಉಳಿಯುತ್ತವೆ. ಬಯಾಸಿನಲ್ಲಿ ಸಾಟಾ ಮೋಡನ್ನು ಐಡಿಇಗೆ ಬದಲಿಸುವುದು. ಇಲ್ಲವೇ ಎನ್‌ಲೈಟ್ ಅನ್ನುವ ಪ್ರೋಗ್ರಾಂನಿಂದ ಡ್ರೈವರನ್ನು ಸಿಡಿಯೊಳಗೇ ಸೇರಿಸಿ ಹೊಸ ಸಿಡಿ ಮಾಡಿಕೊಳ್ಳುವುದು. ಇತ್ತೀಚಿನ ಬೋರ್ಡುಗಳಲ್ಲಿ ಐಡಿಇ ಅನ್ನುವ ಆಯ್ಕೆಯೇ ಇಲ್ಲ, ಹಾಗಾಗಿ ಎರಡನೆಯದೇ ಗತಿ. ಅದನ್ನು ದಾಟಿದರೂ 0x000000A5 ಬರಬಹುದು. ಹೊಸ ಬೋರ್ಡಿನ ಎಸಿಪಿಐ ಕೋಷ್ಟಕಗಳು ಎಕ್ಸ್‌ಪಿಗೆ ಅರ್ಥವಾಗಲಿಲ್ಲ ಅಂತ ಅದರ ತಾತ್ಪರ್ಯ. ಹವ್ಯಾಸಿಗಳು ಎಸಿಪಿಐ ಡ್ರೈವರನ್ನೇ ತಿದ್ದಿ ಇದನ್ನೂ ದಾಟಿದ್ದಾರೆ. ಅವರ ಜಾಣತನದ ಬಗ್ಗೆ ನನಗೆ ತುಂಬು ಗೌರವವಿದೆ. ನಿನ್ನ ಮನೆಯ ಸಿಸ್ಟಮ್ಮಿನಲ್ಲಿ ಅದನ್ನೆಲ್ಲ ಮಾಡಿ ಕಲಿ, ಖಂಡಿತ ಕಲಿ. ಆದರೆ ಯಾರೋ ತಿದ್ದಿದ ಕರ್ನಲ್ ಡ್ರೈವರ್ ಹಾಕಿದ ಸಿಸ್ಟಮ್ಮನ್ನು, ಅದರ ಮೇಲೆ ಹೊಟ್ಟೆ ಹೊರೆಯುವವರ ಕೈಗೆ ಕೊಡಬೇಡ.

ಗ್ರಾಫಿಕ್ಸ್ ವಿಚಾರಕ್ಕೆ ಬಂದರೆ, ಇಂಟೆಲ್ ತನ್ನ ಬೋರ್ಡಿನೊಳಗಿನ ಗ್ರಾಫಿಕ್ಸಿಗೆ ಎಕ್ಸ್‌ಪಿ ಡ್ರೈವರ್ ಕೊಟ್ಟದ್ದು 2012ರ ಐವಿ ಬ್ರಿಡ್ಜ್ ಪೀಳಿಗೆಯವರೆಗೆ. ಅದರಾಚೆಗೆ ಹೋದರೆ ಪರದೆ ದೊಡ್ಡ ದೊಡ್ಡ ಐಕಾನುಗಳಲ್ಲೇ ನಿಲ್ಲುತ್ತದೆ. ಪುಟ ಕಟ್ಟುವವರಿಗೆ ಅದು ಉಪಯೋಗಕ್ಕಿಲ್ಲ. ರ್‍ಯಾಮ್ 16 ಜಿಬಿ ಹಾಕಿದ್ದರೂ 32 ಬಿಟ್ ಎಕ್ಸ್‌ಪಿ ಬಳಸುವುದು 4 ಜಿಬಿಯೊಳಗೇ, ಕಾಣುವುದು ಅದಕ್ಕೂ ಕಡಿಮೆ. ಜಿಪಿಟಿ ಡಿಸ್ಕನ್ನು ಅದು ಓದುವುದೇ ಇಲ್ಲ.

ಇನ್ನೊಂದು ಸೂಕ್ಷ್ಮವಿದೆ, ಬಲ್ಲವರೂ ಮರೆಯುವಂಥದ್ದು. ಎಕ್ಸ್‌ಪಿ ತಾನೇ ಪಾರ್ಟಿಷನ್ ಮಾಡಿದರೆ ಅದನ್ನು 63ನೇ ಸೆಕ್ಟರಿನಿಂದ ಶುರು ಮಾಡುತ್ತದೆ. ಇಂದಿನ ಡಿಸ್ಕುಗಳ ಒಳಗಿನ ಸೆಕ್ಟರಿನ ನಿಜವಾದ ಅಳತೆ 4096 ಬೈಟು, ಅಂದರೆ ಹಳೇ ಲೆಕ್ಕದ ಎಂಟು ಸೆಕ್ಟರ್. 63 ಎಂಟರಿಂದ ಭಾಗವಾಗುವುದಿಲ್ಲ. ಹಾಗಾಗಿ ವಿಂಡೋಸ್ ಒಂದು ತುಂಡು ಬರೆದಾಗಲೆಲ್ಲ ಡಿಸ್ಕ್ ಎರಡು ತುಂಡುಗಳನ್ನು ಮುಟ್ಟಬೇಕಾಗುತ್ತದೆ. ಹೊಸ ಎಸ್‌ಎಸ್‌ಡಿ ಹಾಕಿದ್ದರೂ ಸಿಸ್ಟಮ್ ತೆವಳುತ್ತದೆ, ಯಾಕೆ ಅಂತ ಯಾರಿಗೂ ಹೊಳೆಯುವುದಿಲ್ಲ. ಪಾರ್ಟಿಷನ್ನನ್ನು ಮೊದಲೇ ಜಿಪಾರ್ಟೆಡ್‌ನಲ್ಲಿ 2048ನೇ ಸೆಕ್ಟರಿನಿಂದ ಮಾಡಿಟ್ಟು, ಎಕ್ಸ್‌ಪಿಗೆ 'ಇದರಲ್ಲೇ ಕೂತುಕೋ' ಅಂದರೆ ಆಯಿತು.

ವಿಂಡೋಸ್ ಸೆವೆನ್ನಿನ ಕಥೆ ಬೇರೆ. ಅದು ಎಎಚ್‌ಸಿಐ ಬಲ್ಲದು, ಎಸ್‌ಎಸ್‌ಡಿಗೆ ಬೇಕಾದ ಟ್ರಿಮ್ ಬಲ್ಲದು. ಆದರೆ ಅದು 2009ರ ಅಕ್ಟೋಬರಿನದು. ಯುಎಸ್‌ಬಿ 3 ಅದಕ್ಕೆ ಗೊತ್ತಿಲ್ಲ. 2015ರಲ್ಲಿ ಬಂದ ಸ್ಕೈಲೇಕ್ ಬೋರ್ಡುಗಳಿಂದ ಇಂಟೆಲ್ ಹಳೇ ಯುಎಸ್‌ಬಿ 2 ಕಂಟ್ರೋಲರನ್ನು ತೆಗೆದುಹಾಕಿತು. ಆಗ ಏನಾಗುತ್ತದೆ ನೋಡು: ಪೆನ್ ಡ್ರೈವಿನಿಂದ ಬೂಟ್ ಆಗುತ್ತದೆ, ಭಾಷೆ ಆರಿಸುವ ಪರದೆ ಬರುತ್ತದೆ, ಅಷ್ಟರಲ್ಲಿ ಮೌಸಿನ ಕೆಂಪು ದೀಪ ಆರುತ್ತದೆ. ಕೀಬೋರ್ಡಿನ ನಮ್ ಲಾಕ್ ಒತ್ತಿದರೆ ದೀಪ ಹತ್ತುವುದಿಲ್ಲ. ಪರದೆ ಚೆನ್ನಾಗಿಯೇ ಇರುತ್ತದೆ, ಅದನ್ನು ಮುಟ್ಟುವ ಕೈ ಇರುವುದಿಲ್ಲ. ಬೋರ್ಡಿನಲ್ಲಿ ದುಂಡನೆಯ ಪಿಎಸ್2 ಪೋರ್ಟ್ ಇದ್ದು, ಅಂಗಡಿಯ ಮೂಲೆಯಲ್ಲಿ ಹಳೇ ಕೀಬೋರ್ಡ್ ಉಳಿದಿದ್ದರೆ ಜೀವ ಬಂದಂತಾಗುತ್ತದೆ. ಅಂಥ ಕೀಬೋರ್ಡನ್ನು ಗುಜರಿಗೆ ಹಾಕಬೇಡ.

ಸರಿಯಾದ ದಾರಿ ಎಂದರೆ ಯುಎಸ್‌ಬಿ 3 ಡ್ರೈವರನ್ನು ಸೆಟಪ್ಪಿನೊಳಗೆ ಸೇರಿಸುವುದು. ಬೋರ್ಡ್ ತಯಾರಕರು ಇದಕ್ಕೆಂದೇ ಚಿಕ್ಕ ಸಾಧನಗಳನ್ನು ಕೊಟ್ಟಿದ್ದರು, ಇಲ್ಲವಾದರೆ ಮೈಕ್ರೋಸಾಫ್ಟಿನ ಡಿಸ್ಮ್ ಇದೆ. ಡಿಸ್ಮ್ ಬಳಸುವಾಗ ಒಂದು ಗಮನದಲ್ಲಿಡು. ಬೂಟ್ ಡಾಟ್ ವಿಮ್ ಫೈಲಿನೊಳಗೆ ಎರಡು ಭಾಗಗಳಿವೆ, ಎರಡಕ್ಕೂ ಡ್ರೈವರ್ ಹಾಕು. ಆಮೇಲೆ ಇನ್‌ಸ್ಟಾಲ್ ಡಾಟ್ ವಿಮ್ಮಿಗೂ ಹಾಕು. ಬೂಟ್ ಡಾಟ್ ವಿಮ್ಮಿಗೆ ಮಾತ್ರ ಹಾಕಿದರೆ ಸೆಟಪ್ ಸುಸೂತ್ರವಾಗಿ ಮುಗಿದು, ಹೊಸ ವಿಂಡೋಸ್ ಎದ್ದುನಿಂತು ಬಳಕೆದಾರರ ಹೆಸರು ಕೇಳುವಾಗ ಕೀಬೋರ್ಡ್ ಮತ್ತೆ ಸಾಯುತ್ತದೆ. ಡಿಸ್ಕ್ ಎನ್‌ವಿಎಂಇ ಆಗಿದ್ದರೆ ಅದಕ್ಕೂ ಸೆವೆನ್ನಿನಲ್ಲಿ ಡ್ರೈವರ್ ಇಲ್ಲ. ಕೆಬಿ2990941 ಅನ್ನುವ ಹಾಟ್‌ಫಿಕ್ಸ್ ಸೇರಿಸಬೇಕು. 2019ರ ನಂತರದ ಅಪ್‌ಡೇಟುಗಳು ಶಾ-2 ಸಹಿಯವು, ಅವನ್ನು ಒಪ್ಪಿಕೊಳ್ಳಲು ಮೊದಲು ಕೆಬಿ4474419 ಹಾಕಿರಬೇಕು. ಸೆಕ್ಯೂರ್ ಬೂಟ್ ಆಫ್ ಮಾಡಿರಬೇಕು.

ಇಷ್ಟೆಲ್ಲ ಮಾಡಿದ ಮೇಲೂ ನಾಲ್ಕು ಬಣ್ಣದ ಬೆಳಕಿನ ಚುಕ್ಕೆಗಳು ಕೂಡಿ ವಿಂಡೋಸ್ ಬಾವುಟವಾಗುವ ಹಂತದಲ್ಲೇ ಪರದೆ ಹೆಪ್ಪುಗಟ್ಟಿದರೆ, ಆ ಬೋರ್ಡಿನಲ್ಲಿ ಸಿಎಸ್‌ಎಂ ಇಲ್ಲ ಅಥವಾ ಆಫ್ ಆಗಿದೆ ಅಂತ ಅರ್ಥ. ಸೆವೆನ್ ತನ್ನ ಚಿತ್ರ ಬಿಡಿಸಲು ಹಳೇ ವಿಜಿಎ ಬಯಾಸಿನ ಸೇವೆಯೊಂದನ್ನು ಇನ್ನೂ ಕೇಳುತ್ತದೆ. ಅದನ್ನು ಒದಗಿಸುವುದು ಯುಇಎಫ್‌ಐ ಒಳಗಿನ ಸಿಎಸ್‌ಎಂ ಎಂಬ ಹಳೇ ಬಯಾಸಿನ ವೇಷ. 2020ರ ಹೊತ್ತಿಗೆ ಇದನ್ನು ಕೈಬಿಡುತ್ತೇವೆ ಅಂತ ಇಂಟೆಲ್ 2017ರಲ್ಲೇ ಹೇಳಿತ್ತು. ಹೊಸ ಲ್ಯಾಪ್‌ಟಾಪುಗಳಲ್ಲಿ ಅದು ಸಿಗುವುದೇ ಅಪರೂಪ. ಅಂಥದನ್ನು ತಂದು ಎಕ್ಸ್‌ಪಿ ಕೇಳಿದವರಿಗೆ 'ಇದರ ಮೇಲೆ ನೇರವಾಗಿ ಆಗುವುದಿಲ್ಲ' ಅಂತ ಮೊದಲೇ, ಸ್ಪಷ್ಟವಾಗಿ ಹೇಳಿಬಿಡು. ಅರ್ಧ ಬಿಚ್ಚಿಟ್ಟು ಮೂರು ದಿನ ಓಡಾಡಿಸಬೇಡ.

ವೇಗ ಹೆಚ್ಚಾದದ್ದೇ ತೊಂದರೆಯಾಗುವ ಪ್ರಸಂಗವೂ ಉಂಟು. ವಿಂಡೋಸ್ 95 ಏಳುವಾಗ ಪ್ರೊಸೆಸರಿನ ವೇಗ ತಿಳಿಯಲು ಒಂದು ಲೂಪ್ ತಿರುಗಿಸಿ, ಹಿಡಿದ ಕಾಲದಿಂದ ಭಾಗಿಸುತ್ತಿತ್ತು. 2.1 ಗಿಗಾಹರ್ಟ್ಸ್ ದಾಟಿದ ಪ್ರೊಸೆಸರ್ ಆ ಲೂಪನ್ನು ಎಷ್ಟು ಬೇಗ ಮುಗಿಸುತ್ತಿತ್ತೆಂದರೆ ಕಾಲ ಸೊನ್ನೆ ಎಂದು ದಾಖಲಾಗಿ, ಸೊನ್ನೆಯಿಂದ ಭಾಗಿಸಲಾಗದೆ ಇಡೀ ವಿಂಡೋಸ್ ಬಿದ್ದುಹೋಗುತ್ತಿತ್ತು. ಬರೆದವರು ದಡ್ಡರಾಗಿರಲಿಲ್ಲ. ಅಂಥ ವೇಗ ಬರುತ್ತದೆಂದು ಅವರ ಮೇಜಿನ ಮೇಲಿದ್ದ ಯಾವ ಯಂತ್ರವೂ ಹೇಳಿರಲಿಲ್ಲ. ಹಳೇ ಸಾಫ್ಟ್‌ವೇರನ್ನು ಬೈಯುವ ಮೊದಲು ಇದನ್ನು ನೆನೆಸಿಕೋ.

ಈಗ ನಾನು ನಿನಗೆ ಮುಖ್ಯವಾಗಿ ಹೇಳಬೇಕೆಂದಿರುವುದು. ಹಳೇ ಓಎಸ್ಸನ್ನು ಹೊಸ ಯಂತ್ರಕ್ಕೆ ಒಗ್ಗಿಸಲು ಒದ್ದಾಡುವುದಕ್ಕಿಂತ, ಅದಕ್ಕೆ ಗೊತ್ತಿರುವ ಯಂತ್ರವನ್ನೇ ಒದಗಿಸು. ನೂರಕ್ಕೆ ತೊಂಬತ್ತು ಪಾಲು ಕೆಲಸ ವರ್ಚುವಲ್ ಮಷೀನಿನಲ್ಲಿ ಆಗುತ್ತದೆ ಅನ್ನುವುದು ನನ್ನ ಗಟ್ಟಿ ನಂಬಿಕೆ. ವರ್ಚುವಲ್ ಬಾಕ್ಸ್ ಎಕ್ಸ್‌ಪಿಗೆ ತೋರಿಸುವುದು ತೊಂಬತ್ತರ ದಶಕದ ಇಂಟೆಲ್ ಚಿಪ್‌ಸೆಟ್, ಐಡಿಇ ಡಿಸ್ಕ್, ಅದಕ್ಕೆ ಪರಿಚಯವಿರುವ ನೆಟ್‌ವರ್ಕ್ ಕಾರ್ಡ್. ಎಫ್6 ಬೇಡ, ಎನ್‌ಲೈಟ್ ಬೇಡ, ಬ್ಲೂ ಸ್ಕ್ರೀನ್ ಇಲ್ಲ. ಕೆಳಗೆ ಹೊಸ ವಿಂಡೋಸ್ ಇರಲಿ, ಲಿನಕ್ಸ್ ಇರಲಿ. ಮೈಕ್ರೋಸಾಫ್ಟೇ ವಿಂಡೋಸ್ ಸೆವೆನ್ ಪ್ರೊಫೆಷನಲ್ ಜೊತೆ ಎಕ್ಸ್‌ಪಿ ಮೋಡ್ ಅಂತ ಇದೇ ಉಪಾಯವನ್ನು ಕೊಟ್ಟಿತ್ತು.

ಬಯಾಸಿನಲ್ಲಿ ವರ್ಚುವಲೈಸೇಷನ್ ಆನ್ ಮಾಡು. ಇಂಟೆಲ್ಲಿನಲ್ಲಿ ವಿಟಿ-ಎಕ್ಸ್, ಎಎಂಡಿಯಲ್ಲಿ ಎಸ್‌ವಿಎಂ ಅಂತ ಇರುತ್ತದೆ. ಎಕ್ಸ್‌ಪಿಗೆ 1 ಜಿಬಿ ರ್‍ಯಾಮ್ ಕೊಟ್ಟರೆ ಧಾರಾಳ. ಡಿಸ್ಕ್ ಕಂಟ್ರೋಲರ್ ಐಡಿಇ ಇಡು. ಫೈಲು ಹೋಗಿಬರಲು ಒಂದೇ ಒಂದು ಶೇರ್ಡ್ ಫೋಲ್ಡರ್ ಮಾಡಿ, ಅದಕ್ಕೆ ಪ್ರೆಸ್ಸಿನವರಿಗೆ ಅರ್ಥವಾಗುವ ಹೆಸರಿಡು. 'ಪ್ರಿಂಟಿಗೆ' ಅಂದರೂ ಸಾಕು. ಪೇಜ್‌ಮೇಕರಿನಿಂದ ಪಿಡಿಎಫ್ ಮಾಡಿ ಆ ಫೋಲ್ಡರಿಗೆ ಹಾಕಿದರೆ, ಹೊಸ ಪ್ರಿಂಟರಿನ ಉಸಾಬರಿ ಹೊಸ ವಿಂಡೋಸ್ ನೋಡಿಕೊಳ್ಳುತ್ತದೆ. ಯುಎಸ್‌ಬಿ ಡಾಂಗಲ್ ಇದ್ದರೆ ಅದನ್ನು ಒಳಗಿನ ಯಂತ್ರಕ್ಕೆ ದಾಟಿಸುವ ಫಿಲ್ಟರ್ ಇದೆ. ಎಲ್ಲ ಸರಿ ಕೂತ ಮೇಲೆ ಒಂದು ಸ್ನಾಪ್‌ಶಾಟ್ ತೆಗೆ. ಇನ್ನೂ ದೊಡ್ಡ ಲಾಭವೆಂದರೆ, ಆ ಇಡೀ ಸಿಸ್ಟಮ್ ಈಗ ಒಂದು ಫೋಲ್ಡರ್. ಐದು ವರ್ಷದ ಮೇಲೆ ಈ ಯಂತ್ರವೂ ಕೆಟ್ಟರೆ ಅದನ್ನು ಇನ್ನೊಂದಕ್ಕೆ ಕಾಪಿ ಮಾಡಿದರೆ ಮುಗಿಯಿತು.

ಅದಕ್ಕೂ ಮೊದಲು ಒಂದು ಪರೀಕ್ಷೆ ಮಾಡಿಬಿಡು: ಆ ಪ್ರೋಗ್ರಾಂ ಹೊಸ ವಿಂಡೋಸಿನಲ್ಲೇ ಓಡುತ್ತದೆಯೇ? ಪೇಜ್‌ಮೇಕರ್ 7 ವಿಂಡೋಸ್ 10ರ ಮೇಲೂ ಕೆಲಸ ಮಾಡುತ್ತಿರುವ ಕಡೆಗಳಿವೆ. ನುಡಿಯ ಹಳೇ ಫಾಂಟುಗಳು ಮಾಮೂಲಿ ಟ್ರೂಟೈಪ್ ಆದ್ದರಿಂದ ಎಲ್ಲಿ ಬೇಕಾದರೂ ಕೂರುತ್ತವೆ. ಓಡದೇ ಇರುವುದು 16 ಬಿಟ್ ಕಾಲದವು. 64 ಬಿಟ್ ವಿಂಡೋಸ್ ಅವನ್ನು ಮುಟ್ಟುವುದೇ ಇಲ್ಲ, ಪ್ರೋಗ್ರಾಂ 32 ಬಿಟ್ ಇದ್ದು ಇನ್‌ಸ್ಟಾಲರ್ ಮಾತ್ರ 16 ಬಿಟ್ ಆಗಿದ್ದರೂ ಎಷ್ಟೋ ಸಲ ಮುಟ್ಟುವುದಿಲ್ಲ. ಡಾಸ್ ಕಾಲದ ಲೆಕ್ಕಪತ್ರದ ಪ್ರೋಗ್ರಾಂ ಆದರೆ ಡಾಸ್‌ಬಾಕ್ಸ್ ಇದೆ.

ವರ್ಚುವಲ್ ಮಷೀನ್ ಸಾಲದ ಜಾಗಗಳೂ ಇವೆ. ಪೀಣ್ಯದ ಕಡೆ ಸಣ್ಣ ಕಾರ್ಖಾನೆಗಳಿಗೆ ಕರೆ ಬಂದಾಗ ನೋಡುತ್ತೀಯ: ಲೇತು, ಕಟಿಂಗ್ ಯಂತ್ರ, ಅದಕ್ಕೊಂದು ಪಿಸಿಐ ಕಂಟ್ರೋಲ್ ಕಾರ್ಡ್, ಎಕ್ಸ್‌ಪಿಯಲ್ಲೇ ನಡೆಯುವ ಪ್ರೋಗ್ರಾಂ. ಪ್ರಿಂಟರ್ ಪೋರ್ಟಿನ ಡಾಂಗಲ್ಲೂ ಇದೇ ಜಾತಿಯದು. ಯುಎಸ್‌ಬಿಯಿಂದ ಪ್ಯಾರಲಲ್ ಮಾಡುವ ಕೇಬಲ್ ತಂದು ಹಾಕಿದರೆ ಆ ಡಾಂಗಲ್ ಸಿಗುವುದಿಲ್ಲ, ಏಕೆಂದರೆ ಪ್ರೋಗ್ರಾಂ ನೇರವಾಗಿ 378 ಎಂಬ ಪೋರ್ಟ್ ವಿಳಾಸಕ್ಕೇ ಹೋಗಿ ಬಾಗಿಲು ತಟ್ಟುತ್ತದೆ, ಆ ಕೇಬಲ್ ಅಲ್ಲಿರುವುದಿಲ್ಲ. ಇಂಥ ಕಡೆ ಹೊಸ ಯಂತ್ರದ ಆಸೆಯನ್ನೇ ಬಿಡಿಸು. ಬೆಂಗಳೂರಿನ ಎಸ್.ಪಿ. ರೋಡಿನಲ್ಲಿ ವಿಚಾರಿಸಿ ಜಿ31, ಜಿ41 ಚಿಪ್‌ಸೆಟ್ಟಿನ ಸೆಕೆಂಡ್ ಹ್ಯಾಂಡ್ ಬೋರ್ಡ್ ತಾ. ಪಿಸಿಐ ಸ್ಲಾಟ್, ಐಡಿಇ ಮೋಡ್ ಎರಡೂ ಇರುತ್ತವೆ, ಪ್ಯಾರಲಲ್ ಪೋರ್ಟ್ ಇರುವಂಥದ್ದೂ ಸಿಗುತ್ತದೆ. ಒಂದು ಕೇಳಿದರೆ ಎರಡು ತಾ, ಇನ್ನೊಂದು ಕಪಾಟಿನಲ್ಲಿರಲಿ. ಕೆಪಾಸಿಟರುಗಳ ತಲೆ ಉಬ್ಬಿದೆಯೇ ಅಂತ ಬೆಳಕಿಗೆ ಹಿಡಿದು ನೋಡು. ಬಯಾಸ್ ಬ್ಯಾಟರಿಯನ್ನು ನೋಡದೆಯೇ ಬದಲಿಸು.

ಆಮೇಲೆ ಇಂಟರ್ನೆಟ್. ಎಕ್ಸ್‌ಪಿಗೆ ಮೈಕ್ರೋಸಾಫ್ಟಿನ ರಕ್ಷಣೆ ನಿಂತದ್ದು 2014ರ ಏಪ್ರಿಲ್ 8ಕ್ಕೆ, ಸೆವೆನ್ನಿಗೆ 2020ರ ಜನವರಿ 14ಕ್ಕೆ. 2017ರ ಮೇ 12ರಂದು ವಾನ್ನಾಕ್ರೈ ಎಂಬ ರಾನ್ಸಮ್‌ವೇರ್ ಹಬ್ಬಿದ್ದು ನೆನಪಿರಲಿ. ಯಾರೂ ಯಾವ ಲಿಂಕನ್ನೂ ಒತ್ತಬೇಕಾಗಿರಲಿಲ್ಲ. ಒಂದೇ ನೆಟ್‌ವರ್ಕಿನಲ್ಲಿದ್ದ, ಪ್ಯಾಚ್ ಹಾಕದ ವಿಂಡೋಸುಗಳನ್ನು ಫೈಲ್ ಶೇರಿಂಗಿನ ಹಳೇ ಬಾಗಿಲಿನಿಂದ ಅದೇ ಹುಡುಕಿಕೊಂಡು ಹೋಯಿತು. ಎರಡು ತಿಂಗಳು ಮುಂಚೆಯೇ ಅದಕ್ಕೆ ಪ್ಯಾಚ್ ಬಂದಿತ್ತು. ಕಾಲ ಮೀರಿದ ಎಕ್ಸ್‌ಪಿಗೂ ಮೈಕ್ರೋಸಾಫ್ಟ್ ಕೊನೆಗೆ ಪ್ಯಾಚ್ ಬಿಟ್ಟಿತು, ಅಷ್ಟು ದೊಡ್ಡ ಅಪಾಯ ಅದು. ಆದ್ದರಿಂದ ಹಳೇ ಸಿಸ್ಟಮ್ಮಿನ ಕೇಬಲ್ ಕಿತ್ತಿಡು. ವರ್ಚುವಲ್ ಮಷೀನ್ ಆದರೆ ನೆಟ್‌ವರ್ಕ್ ಅಡಾಪ್ಟರನ್ನೇ ತೆಗೆದುಹಾಕು. 'ಆ್ಯಂಟಿವೈರಸ್ ಹಾಕಿದರೆ ಆಗದೇ?' ಅಂತ ಕೇಳುತ್ತಾರೆ. ಆಗುವುದಿಲ್ಲ ಅನ್ನು. ಮೇಲ್ ನೋಡಲು, ಪಿಡಿಎಫ್ ಕಳಿಸಲು ಕೆಳಗಿನ ಹೊಸ ವಿಂಡೋಸ್ ಇದೆ. ಬ್ಯಾಂಕಿನ ಕೆಲಸವನ್ನಂತೂ ಹಳೇದರಲ್ಲಿ ಮಾಡಲೇಬೇಡಿ ಅಂತ ಕೈ ಹಿಡಿದು ಹೇಳು.

ಸಿಡಿ ಎಲ್ಲಿಂದ ತರುವುದು ಅನ್ನುವುದೂ ಇದೇ ಜಾಗ್ರತೆಗೆ ಸೇರಿದ್ದು. ಎಲ್ಲ ಡ್ರೈವರ್ ಸೇರಿಸಿ, ಆ್ಯಕ್ಟಿವೇಷನ್ ಕೂಡ ಮುಗಿಸಿಟ್ಟ 'ರೆಡಿ' ಐಎಸ್‌ಒಗಳು ಬೇಕಾದಷ್ಟು ಸಿಗುತ್ತವೆ. ಒಳಗೆ ಇನ್ನೇನು ಸೇರಿದೆ ಎಂದು ಹೇಳುವವರಿಲ್ಲ. ಗಿರಾಕಿಯ ಹಳೇ ಸಿಡಿ ಕೇಳು, ಕ್ಯಾಬಿನೆಟ್ಟಿನ ಬದಿಯ ಲೈಸೆನ್ಸ್ ಸ್ಟಿಕ್ಕರಿನ ಫೋಟೋ ತೆಗೆ. ಸಿಸ್ಟಮ್ಮಿನ ಜೊತೆಗೇ ಬಂದ ಓಇಎಂ ಲೈಸೆನ್ಸ್ ಆ ಯಂತ್ರಕ್ಕೇ ಸೇರಿದ್ದು ಅನ್ನುವುದನ್ನೂ ಮುಚ್ಚಿಡದೆ ಹೇಳು. ಡ್ರೈವರ್ ಸೇರಿಸುವುದನ್ನು ನಿನ್ನ ಕೈಯಾರೆ ಮಾಡು.

ಪ್ರೆಸ್ಸಿನವರ ವಿಷಯಕ್ಕೆ ಮತ್ತೆ ಬರುತ್ತೇನೆ, ಏಕೆಂದರೆ ನನ್ನ ಮನಸ್ಸಿಗೆ ಹತ್ತಿರದ್ದು ಅದು. ಎಕ್ಸ್‌ಪಿಯನ್ನು ಬದುಕಿಸಿಕೊಟ್ಟೆ, ಪೇಜ್‌ಮೇಕರ್ ತೆರೆಯಿತು, ಅವರು ಸಂತೋಷದಿಂದ ಹೋದರು ಅಂದುಕೋ. ಆದರೆ ಆ ಫೈಲುಗಳಲ್ಲಿ ಕನ್ನಡ ಇದೆಯೇ ಅಂತ ಒಮ್ಮೆ ಬಿಚ್ಚಿ ನೋಡು. ಹಳೇ ನುಡಿಯಲ್ಲಿ ಟೈಪ್ ಮಾಡಿದ 'ಕನ್ನಡ' ಎಂಬ ಪದದ ಫಾಂಟ್ ತೆಗೆದು ಟೈಮ್ಸ್ ರೋಮನ್ ಮಾಡು. ಇಂಗ್ಲಿಷಿನ ಪಿ, ತಲೆಯ ಮೇಲೆ ಗೀರು ಹೊತ್ತ ಎ, ಬ್ರಿಟನ್ನಿನ ಪೌಂಡ್ ಚಿಹ್ನೆ, ಮತ್ತೆ ಅದೇ ಎ, ಬಿಯಂತೆ ಕಾಣುವ ಜರ್ಮನ್ ಅಕ್ಷರ, ಕ್ಯೂ, ಮತ್ತೆ ಎ. ಫೈಲಿನೊಳಗೆ ಇರುವುದು ಇಷ್ಟೇ. ಕನ್ನಡ ಇದ್ದದ್ದು ಫಾಂಟಿನಲ್ಲಿ ಮಾತ್ರ. ಇಂಗ್ಲಿಷ್ ಅಕ್ಷರಗಳ ಜಾಗದಲ್ಲಿ ಕನ್ನಡದ ತುಂಡುಗಳನ್ನು ಕೂರಿಸಿದ್ದರು. ಅಂದಿನ ಪೇಜ್‌ಮೇಕರಿಗೆ ಯುನಿಕೋಡ್ ಗೊತ್ತಿರಲಿಲ್ಲ, ಆದ್ದರಿಂದ ಬೇರೆ ದಾರಿಯೂ ಇರಲಿಲ್ಲ. ಆ ಫಾಂಟ್ ಕಳೆದರೆ ಕಾದಂಬರಿ ಹೋಯಿತು, ಊರಿನ ಜಾತ್ರೆಯ ಸ್ಮರಣ ಸಂಚಿಕೆ ಹೋಯಿತು, ಈಗ ಬದುಕಿಲ್ಲದ ಲೇಖಕರ ಹಸ್ತಪ್ರತಿಯಿಂದ ಮಾಡಿದ ಒಂದೇ ಒಂದು ಪ್ರತಿ ಹೋಯಿತು.

ಅದಕ್ಕೇ ಹಳೇ ವಿಂಡೋಸ್ ಎದ್ದು ಕೂತ ದಿನವೇ ಅವರ ಬಳಿ ಇನ್ನೊಂದು ಮಾತು ಎತ್ತು: 'ಇದರಲ್ಲಿ ಮುಖ್ಯವಾದ ಪುಸ್ತಕಗಳು ಯಾವುವು, ಅವನ್ನು ಯುನಿಕೋಡಿಗೆ ತೆಗೆದುಬಿಡೋಣ.' ಪೇಜ್‌ಮೇಕರಿನಿಂದ ಪಠ್ಯವನ್ನು ಎಕ್ಸ್‌ಪೋರ್ಟ್ ಮಾಡಿ ಪರಿವರ್ತಕಕ್ಕೆ ಹಾಕಬೇಕು. ಪುಟದ ವಿನ್ಯಾಸವೂ ಬೇಕಿದ್ದರೆ ಇನ್‌ಡಿಸೈನ್ ಸಿಎಸ್6ರವರೆಗಿನ ಆವೃತ್ತಿಗಳು ಪೇಜ್‌ಮೇಕರ್ ಫೈಲನ್ನು ತೆರೆಯುತ್ತವೆ, ಅದರ ನಂತರದವು ತೆರೆಯುವುದಿಲ್ಲ. ಬರೀ ಪಿಡಿಎಫ್ ಮಾಡಿಟ್ಟರೆ ಕಣ್ಣಿಗೆ ಚೆನ್ನಾಗಿ ಕಾಣುತ್ತದೆ, ಆದರೆ ಅದರೊಳಗೆ ಒಂದು ಕನ್ನಡ ಪದ ಹುಡುಕಿದರೂ ಸಿಗುವುದಿಲ್ಲ, ಕಾಪಿ ಮಾಡಿದರೆ ಮತ್ತೆ ಅದೇ ಪಿ, ಎ, ಪೌಂಡ್. ಪರಿವರ್ತಕ ಹೆಚ್ಚು ಎಡವುವುದು ಅರ್ಕಾವತ್ತಿನಲ್ಲಿ. 'ಸರ್ಕಾರ' ಎಂಬಲ್ಲಿ ಹಳೇ ಫಾಂಟು ಅರ್ಕಾವತ್ತನ್ನು 'ಕಾ' ಆದ ಮೇಲೆ ಇಡುತ್ತದೆ, ಕಣ್ಣಿಗೆ ಕಾಣುವ ಕ್ರಮ ಅದು. ಯುನಿಕೋಡಿನಲ್ಲಿ ರಕಾರ ಮೊದಲು ಬರಬೇಕು, ಉಚ್ಚಾರದ ಕ್ರಮ. ಹಾಗೆ ತಿರುಗಿಸುವಾಗ ಕೆಲವೊಮ್ಮೆ ತಪ್ಪುತ್ತದೆ. ಅರ್ಕಾವತ್ತು, ಎರಡೆರಡು ಒತ್ತು ಬರುವ ಪದಗಳು, ಅಂಕಿಗಳು, ಉದ್ಧರಣ ಚಿಹ್ನೆ, ಇಷ್ಟನ್ನಾದರೂ ಮೂಲ ಪುಟದ ಪಕ್ಕದಲ್ಲಿಟ್ಟು ಯಾರಾದರೂ ಕೂತು ಓದಬೇಕು. ಕರಡು ತಿದ್ದಿದ ಹಿರಿಯರೊಬ್ಬರು ಆ ಪ್ರೆಸ್ಸಿನಲ್ಲಿ ಇನ್ನೂ ಇರುತ್ತಾರೆ. ಅವರನ್ನು ಕರೆಸು, ಫಾಂಟಿನ ಯಾವ ಕೀಲಿ ಎಲ್ಲಿ ತಪ್ಪುತ್ತದೆ ಅನ್ನುವುದು ಅವರ ಬೆರಳಿಗೆ ಗೊತ್ತಿರುತ್ತದೆ, ಅವರೆದುರು ಕೂತರೆ ನೀನೂ ಕಲಿಯುತ್ತೀಯ.

ಒಳಗಿನ ಎಕ್ಸ್‌ಪಿಯಲ್ಲೇ ಯುನಿಕೋಡ್ ಕನ್ನಡ ನೋಡಬೇಕಾಗಿ ಬಂದು ಒತ್ತಕ್ಷರಗಳು ಬಿಡಿಬಿಡಿಯಾಗಿ ಕಂಡರೆ ಗಾಬರಿಯಾಗಬೇಡ. ತುಂಗಾ ಫಾಂಟ್ ಎಕ್ಸ್‌ಪಿಯ ಜೊತೆಗೇ ಬರುತ್ತದೆ. ಕಂಟ್ರೋಲ್ ಪ್ಯಾನೆಲಿನ ಪ್ರಾದೇಶಿಕ ಭಾಷೆಗಳ ಪುಟದಲ್ಲಿ ಸಂಕೀರ್ಣ ಲಿಪಿಗಳ ಫೈಲು ಹಾಕುವ ಚೌಕಕ್ಕೆ ಟಿಕ್ ಮಾಡಬೇಕು. ಆಗ ಅದು ಮೂಲ ಸಿಡಿ ಕೇಳುತ್ತದೆ. ಸಿಡಿಯ ಐ386 ಫೋಲ್ಡರನ್ನು ಮೊದಲೇ ಡಿಸ್ಕಿಗೆ ಕಾಪಿ ಮಾಡಿಟ್ಟಿದ್ದರೆ ಓಡಾಟ ತಪ್ಪುತ್ತದೆ.

ಕೆಲಸ ಮುಗಿಸಿ ಕೊಡುವಾಗ ಒಂದು ಹಾಳೆ ಬರೆದು ಕೊಡು. ಬಯಾಸಿನಲ್ಲಿ ಏನೇನು ಬದಲಿಸಿದೆ, ವರ್ಚುವಲ್ ಮಷೀನಿನ ಫೋಲ್ಡರ್ ಎಲ್ಲಿದೆ, ಪಾಸ್‌ವರ್ಡ್ ಏನು, ಡಾಂಗಲ್ ಯಾವ ಪೋರ್ಟಿಗೆ, ಯಾವ ದಿನ ಇಮೇಜ್ ತೆಗೆದದ್ದು. ಕನ್ನಡದಲ್ಲಿ ಬರೆ, ಅವರಿಗೆ ಓದಲು ಬರುವಂತೆ. ಬಯಾಸ್ ಬ್ಯಾಟರಿ ಹೋಗಿ ಎಲ್ಲ ಸೆಟ್ಟಿಂಗ್ ಮೊದಲಿನಂತಾದ ದಿನ ನೀನು ಊರಲ್ಲಿರಲಿಕ್ಕಿಲ್ಲ. ಬೇರೆ ಯಾರೋ ಹುಡುಗ ಆ ಹಾಳೆ ನೋಡಿ ಹತ್ತು ನಿಮಿಷದಲ್ಲಿ ಸರಿ ಮಾಡುತ್ತಾನೆ. ಹಳೇ ಡಿಸ್ಕಿನ ಇಮೇಜು, ಫಾಂಟುಗಳ ಫೋಲ್ಡರು, ಯುನಿಕೋಡಿಗೆ ಬದಲಿಸಿದ ಪಠ್ಯ, ಮೂರನ್ನೂ ಎರಡು ಡಿಸ್ಕುಗಳಿಗೆ ಹಾಕು. ಎರಡನ್ನೂ ಅವರ ಕೈಗೇ ಕೊಡು, 'ಒಂದು ಪ್ರೆಸ್ಸಿನಲ್ಲಿರಲಿ, ಒಂದು ಮನೆಯಲ್ಲಿರಲಿ' ಅನ್ನು. ವರ್ಷಕ್ಕೊಮ್ಮೆ ತಂದು ತೋರಿಸಲು ಹೇಳು. ತಂದಾಗ ಒಂದೊಂದು ಫೈಲು ತೆರೆದು ನೋಡಿ ಕಳಿಸು, ಅದಕ್ಕೆ ದುಡ್ಡು ಕೇಳಬೇಡ.